ಅತ್ತಿಗೆಯ ಮ.ಸಾ.ಅ.

ಅಣ್ಣ ತೀರಿಕೊಂಡ ವರ್ಷದ ಮೇ ತಿಂಗಳ ಕೊನೆಯ ವಾರ ಅತ್ತಿಗೆ ನನ್ನ ಎಂಟನೇ ತರಗತಿಯ ಗಣಿತ ಪುಸ್ತಕವನ್ನು ಅಟ್ಟದಿಂದ ಇಳಿಸಿ, ಸೆರಗಿನಿಂದ ಧೂಳು ಒರೆಸಿ, ನನ್ನ ಮುಂದೆ ಇಟ್ಟರು.

"ಇದ್ರಿಂದ್ಲೇ ಸುರು ಮಾಡು ಕಣಮ್ಮಿ. ಅತ್ತನೇ ಕ್ಲಾಸಿಂದು ತಗುದ್ರೆ ಕಣ್ ಕತ್ಲೆ ಬತ್ತದೆ."

ಹೈಸ್ಕೂಲಿನಿಂದಲೂ ನನಗೆ ಡೈರಿ ಬರೆಯುವ ಅಭ್ಯಾಸ. ತಾರೀಖು, ವಾರ, ಮಳೆ ಬಂತೋ ಇಲ್ಲವೋ, ಯಾರ ಹೊಲಕ್ಕೆ ಯಾರು ಹೋದರು. ಅದಕ್ಕಿಂತ ಹೆಚ್ಚಿನದನ್ನು ಬರೆಯುವುದಿಲ್ಲ. ಜನವರಿಯಲ್ಲಿ ಅಣ್ಣ ಹೋದ ದಿನದ ಪುಟದಲ್ಲೂ ಅಷ್ಟೇ ಇದೆ: ಮಳೆ ಇಲ್ಲ, ಹೊಲಕ್ಕೆ ಯಾರೂ ಹೋಗಲಿಲ್ಲ. ಕಾಮಾಲೆ ಎಂದು ಗೊತ್ತಾಗುವ ಹೊತ್ತಿಗೆ ಅದು ಮೈಯೆಲ್ಲ ಹತ್ತಿತ್ತು. ಮೈಸೂರಿನ ಆಸ್ಪತ್ರೆಯಿಂದ ಅವನನ್ನು ಕರೆತಂದ ಗಾಡಿಯಲ್ಲಿ ಮುಂದಿನ ಸೀಟಿನಲ್ಲಿ ನಾನು ಕುಳಿತಿದ್ದೆ. ಹಿಂದೆ ಅತ್ತಿಗೆ ಇದ್ದರು. 

ನಮ್ಮೂರು ಹುಣಸೂರು ತಾಲ್ಲೂಕಿನದು, ಕಟ್ಟೆಮಳಲವಾಡಿಗೆ ಹತ್ತಿರ. ಮನೆಯಲ್ಲಿ ಉಳಿದವರು ಅವ್ವ, ಅತ್ತಿಗೆ, ಅತ್ತಿಗೆಯ ಮೂರು ವರ್ಷದ ಮಗಳು, ಮತ್ತೆ ಹುಣಸೂರಿನ ಕಾಲೇಜಿನಲ್ಲಿ ಬಿ.ಎಸ್ಸಿ. ಓದುತ್ತಿದ್ದ ನಾನು. ಅಪ್ಪ ನಾನು ಚಿಕ್ಕವಳಿದ್ದಾಗಲೇ ಹೋಗಿದ್ದರು. ಊರಿನ ಅಂಗನವಾಡಿಯ ಸಹಾಯಕಿ ವರ್ಷದ ಕೊನೆಗೆ ನಿವೃತ್ತಿಯಾಗುವವರಿದ್ದರು. ಆ ಜಾಗಕ್ಕೆ ಅರ್ಜಿ ಹಾಕಲು ಇದೇ ಊರಿನಲ್ಲಿ ವಾಸವಿರಬೇಕು, ಎಸ್ಸೆಸ್ಸೆಲ್ಸಿ ಪಾಸಾಗಿರಬೇಕು. ಅತ್ತಿಗೆಗೆ ಗಣಿತ ಒಂದೇ ಉಳಿದಿತ್ತು. ಮದುವೆಗೆ ಮೊದಲು ಅದರಲ್ಲಿ ಫೇಲಾಗಿ, ಮತ್ತೆ ಕಟ್ಟಿರಲಿಲ್ಲ.

ಅವರ ತವರು ಎಚ್.ಡಿ. ಕೋಟೆ ಕಡೆ, ಅಂತರಸಂತೆಯಿಂದ ಒಳಗೆ. ತಿಥಿಗೆ ಬಂದಿದ್ದ ಅವರ ಅಣ್ಣ ಊಟ ಮುಗಿಸಿ ಕೈ ತೊಳೆಯುತ್ತಲೇ ಅವ್ವನಿಗೆ ಹೇಳಿದ್ದರು: "ನಿಮ್ಗೂ ಕಷ್ಟ, ಅವ್ಳಿಗೂ ಕಷ್ಟ. ಆಸಾಡ ಕಳೀಲಿ, ಬಂದು ಕರ್ಕೊಂಡೋಯ್ತೀನಿ." ಅವ್ವ ತಲೆಯಾಡಿಸಿದ್ದಳು. ಬೇಡ ಅನ್ನಲು ಅವಳ ಹತ್ತಿರ ಏನು ಕಾರಣವಿತ್ತು? ಅತ್ತಿಗೆ ಮಾತ್ರ, "ಒಂದ್ ಪರೀಕ್ಸೆ ಅದೆ ಕಣಣ್ಣ, ಅದಾಗ್ಲಿ," ಅಂದಿದ್ದರು. ಅವರು ಪಾಸಾದರೆ ಈ ಮನೆಯಲ್ಲಿರುತ್ತಾರೆ. ಇಲ್ಲದಿದ್ದರೆ ಅವರೂ ಮಗುವೂ ಕೋಟೆ ಕಡೆ ಹೋಗುತ್ತಾರೆ, ಹೊಲವನ್ನು ಯಾರಿಗಾದರೂ ಬೆಳೆಯ ಪಾಲಿಗೆ ಕೊಟ್ಟು ಅವ್ವ ಮತ್ತು ನಾನು ಈ ಮನೆಯಲ್ಲಿರುತ್ತೇವೆ. ಇದನ್ನು ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಎಲ್ಲರಿಗೂ ಗೊತ್ತಿತ್ತು.

ಪಾಠ ನಡೆಯುತ್ತಿದ್ದದ್ದು ಬ್ಯಾರನ್ ನೆರಳಿನಲ್ಲಿ. ಹೊಗೆಸೊಪ್ಪು ಬೇಯಿಸುವ ಆ ಎತ್ತರದ ಗೋಡೆಯ ಕಟ್ಟಡದ ಪಕ್ಕ, ಸೊಪ್ಪು ಕಟ್ಟುವ ಕಡ್ಡಿಗಳನ್ನು ರಾಶಿ ಹಾಕಿರುತ್ತೇವೆ. ಆ ರಾಶಿಯ ಮೇಲೆ ಅತ್ತಿಗೆ, ಕೆಳಗೆ ಚೀಲ ಹಾಸಿಕೊಂಡು ನಾನು. ಮಧ್ಯಾಹ್ನದ ಊಟವಾಗಿ, ಮಗು ಮಲಗಿದ ಮೇಲೆ, ಮತ್ತೆ ಹೊಲಕ್ಕೆ ಹೊರಡುವ ಮುಂಚೆ ಸಿಗುತ್ತಿದ್ದ ಹೊತ್ತು.

ವರ್ಗ ಸಮೀಕರಣ ಬಿಡಿಸಬೇಕಾದರೆ ಅಪವರ್ತಿಸುವುದು ಬರಬೇಕು. ಅಪವರ್ತಿಸಬೇಕಾದರೆ ಎರಡು ಪದಗಳಲ್ಲೂ ಇರುವ ಅತಿ ದೊಡ್ಡ ಭಾಗವನ್ನು ಹೊರಗೆ ತೆಗೆಯುವುದು ಬರಬೇಕು. ಅದೇ ಮಹತ್ತಮ ಸಾಮಾನ್ಯ ಅಪವರ್ತನ, ಮ.ಸಾ.ಅ. ಹಾಗಾಗಿ ನಾನು ಅಲ್ಲಿಂದ ಶುರು ಮಾಡಿದೆ. ಹನ್ನೆರಡು, ಹದಿನೆಂಟು ಕೊಟ್ಟೆ. ಅತ್ತಿಗೆ ತಟ್ಟನೆ ಆರು ಅಂದರು. ಇಪ್ಪತ್ತು, ಮೂವತ್ತೈದು. ಐದು. ಮಗ್ಗಿ ಅವರಿಗೆ ನನಗಿಂತ ಚೆನ್ನಾಗಿ ಬರುತ್ತಿತ್ತು.

ಅಕ್ಷರ ಬಂದಾಗ ತೊಂದರೆಯಾಯಿತು.

12x³y² ಮತ್ತು 18x²y⁵ ಬರೆದು ಕೊಟ್ಟೆ. ಅತ್ತಿಗೆ ಸ್ವಲ್ಪ ಹೊತ್ತು ನೋಡಿ ಬರೆದರು: 6x³y⁵.

ಸಂಖ್ಯೆ ಸರಿ. ಅಕ್ಷರಗಳ ತಲೆಯ ಮೇಲಿನ ಘಾತಾಂಕ ಎರಡೂ ತಪ್ಪು. ಎರಡು ಪದಗಳಲ್ಲೂ ಸಿಗುವಷ್ಟನ್ನು ಮಾತ್ರ ತೆಗೆಯಬೇಕಲ್ಲವೇ? x ಮೂರು ಸಲ ಒಂದು ಕಡೆ ಇದೆ, ಎರಡು ಸಲ ಇನ್ನೊಂದು ಕಡೆ ಇದೆ, ಹಾಗಾಗಿ ಎರಡೇ. ಹಾಗೆ ವಿವರಿಸಿದೆ. x ಅನ್ನು ಬಿಡಿಬಿಡಿಯಾಗಿ ಸಾಲಾಗಿ ಬರೆದು, ಮೇಲಿನದಕ್ಕೂ ಕೆಳಗಿನದಕ್ಕೂ ಜೊತೆ ಮಾಡಿ ಗೆರೆ ಎಳೆದು ತೋರಿಸಿದೆ. "ಓ, ಅಂಗಾ," ಅಂದರು. ಮರುದಿನ ಹತ್ತು ಲೆಕ್ಕ ಕೊಟ್ಟೆ. ಎಂಟರಲ್ಲಿ ಮತ್ತೆ ದೊಡ್ಡ ಘಾತಾಂಕವನ್ನೇ ತೆಗೆದಿದ್ದರು. ಸರಿಯಾಗಿದ್ದ ಎರಡರಲ್ಲಿ ಘಾತಾಂಕ ಎರಡೂ ಕಡೆ ಸಮವಾಗಿತ್ತು.

5a ಮತ್ತು 7b ಕೊಟ್ಟಾಗ ಸೊನ್ನೆ ಬರೆದರು.

"ಅತ್ಗೆ, ಸೊನ್ನೆ ಅಲ್ಲ. ಒಂದು."

"ಇದ್ರಲ್ಲಿರೋದು ಅದ್ರಲ್ಲಿಲ್ಲ, ಅದ್ರಲ್ಲಿರೋದು ಇದ್ರಲ್ಲಿಲ್ಲ. ಒಂದೆಲ್ಲಿಂದ ಬಂತು?"

"ಒಂದು ಎಲ್ಲಾದ್ರಲ್ಲೂ ಇರ್ತದೆ. ಕಾಣಲ್ಲ, ಅಷ್ಟೇ. ಯಾರೂ ಬರಿಯಲ್ಲ."

"ಕಾಣ್ದೇ ಇರೋದ್ನ ಲೆಕ್ಕಕ್ಕೆ ಇಟ್ಕೊಳೋದಾ?" ಅಂದರು. ಆಮೇಲೆ ಅವರೇ ಸೊನ್ನೆಯನ್ನು ಹೊಡೆದು ಒಂದು ಬರೆದರು.

ವರ್ಷಕ್ಕೆ ಮೂರು ಸಲ ನಡೆಯುವ ಎಸ್ಸೆಸ್ಸೆಲ್ಸಿ ಪರೀಕ್ಷೆಯಲ್ಲಿ ಜೂನ್‌ನ ಎರಡನೆಯದಕ್ಕೆ ಕೂರಿಸಿದೆ. ಆ ತಿಂಗಳು ಹೊಗೆಸೊಪ್ಪಿನ ಸಸಿ ನೆಡುವ ಕಾಲ. ನಮ್ಮ ಕಡೆ ಇಂಥ ಕೆಲಸವನ್ನು ಕೂಲಿಗಿಂತ ಮುಯ್ಯಾಳಿನಲ್ಲಿ ಮಾಡುವುದೇ ಹೆಚ್ಚು. ಇವತ್ತು ಅವರ ಹೊಲಕ್ಕೆ ನಾವು, ನಾಳೆ ನಮ್ಮ ಹೊಲಕ್ಕೆ ಅವರು. ಅತ್ತಿಗೆ ದಿನವೂ ಯಾರದಾದರೂ ಹೊಲದಲ್ಲಿರುತ್ತಿದ್ದರು. ಪರೀಕ್ಷೆಯ ಹಿಂದಿನ ದಿನವೂ ಇನ್ನೊಬ್ಬರ ಮನೆಯ ಸಸಿ ನೆಟ್ಟು, ಕೆಸರಿನ ಕಾಲಿನಲ್ಲೇ ಬಂದು ಕಡ್ಡಿ ರಾಶಿಯ ಮೇಲೆ ಕುಳಿತರು. ಎರಡು ಲೆಕ್ಕ ಮಾಡುವುದರೊಳಗೆ ತೂಕಡಿಸಿದರು.

ಪಾಸಿಗೆ ಆರು ಅಂಕ ಕಡಿಮೆ ಬಂತು.

ಫಲಿತಾಂಶ ಬಂದ ಸಂಜೆ ಅವರು ಅಳಲಿಲ್ಲ. ಪ್ರಶ್ನೆಪತ್ರಿಕೆ ತಂದು ನನ್ನ ಮುಂದಿಟ್ಟು, ತಾವು ಬರೆದದ್ದನ್ನು ನೆನಪಿಸಿಕೊಂಡು ಒಂದೊಂದಾಗಿ ಹೇಳಿದರು. 4x² − 8x = 0 ಎಂಬ ಸಮೀಕರಣವಿತ್ತು. 4x ಹೊರಗೆ ತೆಗೆದರೆ ಒಳಗೆ x − 2 ಉಳಿಯುತ್ತದೆ, ಅಲ್ಲಿಗೆ ಲೆಕ್ಕ ಮುಗಿದಂತೆ. ಅತ್ತಿಗೆ 4x² ತೆಗೆದಿದ್ದರು.

"8x ಒಳಗೆ ಒಂದೇ x ಇರೋದು. ಇನ್ನೊಂದ್ನ ಎಲ್ಲಿಂದ ತಂದ್ರಿ?"

"ಎಲ್ಲಿಂದಾದ್ರೂ ತಂದು ನಿಲ್ಲುಸ್ಬೇಕಲ್ಲಮ್ಮಿ," ಅಂದರು.

"ಯಾಕೆ?"

"ಅದೆಂಗೆ ಯಾಕೆ ಅಂತೀಯ? ಒಬ್ರು ಎರಡು ತಂದವ್ರೆ, ಇನ್ನೊಬ್ರು ಒಂದು ತಂದ್ರೆ ಸರಿ ಓಯ್ತದಾ? ದೊಡ್ಡದಕ್ಕೆ ಸರಿ ಮಾಡ್ಬೇಕು. ಕಮ್ಮಿಗೆ ಸರಿ ಮಾಡುದ್ರೆ ಮರ್ವಾದೆ ಏನಾಯ್ತದೆ?"

ನನಗೆ ನಗು ಬಂತು. ಅವರಿಗೂ ಬಂತು. ಮಗು ನಾವು ನಗುವುದನ್ನು ನೋಡಿ ತಾನೂ ನಕ್ಕಿತು. ಜನವರಿಯ ನಂತರ ಆ ಮನೆಯಲ್ಲಿ ಮೂವರು ಒಟ್ಟಿಗೆ ನಕ್ಕದ್ದು ಅದೇ ಮೊದಲು. ಬೇಗ ನಿಂತಿತು. ಒಳಗೆ ಅವ್ವ ಪಾತ್ರೆ ಇಟ್ಟ ಸದ್ದಾಯಿತು.

ಆಮೇಲೆ ಅತ್ತಿಗೆ ಹೇಳಿದರು. ಮದುವೆಯಾಗಿ ಬಂದ ಮೊದಲ ವಾರ ಅವ್ವ ಅವರಿಗೆ ಕಲಿಸಿದ್ದು ಅಡುಗೆಯಲ್ಲ, ಮುಯ್ಯಿ. ಯಾವ ಮನೆಯಿಂದ ನಮ್ಮ ಹೊಲಕ್ಕೆ ಅತಿ ಹೆಚ್ಚು ಎಂದರೆ ಎಷ್ಟು ಆಳು ಬಂದಿದ್ದರು ಎನ್ನುವುದನ್ನು ನೆನಪಿಡಬೇಕು. ನಾಲ್ಕು ಬಂದಿದ್ದರೆ ಆ ಮನೆಯ ಮುಯ್ಯಿ ನಾಲ್ಕು. ಮುಂದೆ ಒಂದು ವರ್ಷ ಅವರು ಮೂರೇ ಕಳಿಸಿದರೂ ನಾವು ನಾಲ್ಕೇ ಕಳಿಸಬೇಕು. ಮನೆಯಲ್ಲಿ ಅಷ್ಟು ಜನ ಇಲ್ಲದಿದ್ದರೆ ಒಬ್ಬರೇ ಎರಡು ದಿನ ಹೋಗಬೇಕು. ಎಂದೋ ಬಂದ ಆ ದೊಡ್ಡ ಸಂಖ್ಯೆಗಿಂತ ಕೆಳಗೆ ಇಳಿಯಬಾರದು. ಊರಿನ ಎಲ್ಲ ಮನೆಗಳೂ ಹೀಗೇ ನಡೆಸುತ್ತಿದ್ದವೋ ಏನೋ, ನನಗೆ ಗೊತ್ತಿಲ್ಲ. ನಮ್ಮ ಬೀದಿಯಲ್ಲಂತೂ ಹೀಗೇ ಇತ್ತು.

ನಾನು ಅದೇ ಮನೆಯಲ್ಲಿ ಬೆಳೆದವಳು. ಯಾರ ಹೊಲಕ್ಕೆ ಎಷ್ಟು ಜನ ಹೋದರು ಎಂದು ವರ್ಷಗಟ್ಟಲೆ ಬರೆದಿಟ್ಟವಳು. ಆದರೆ ಈ ವರ್ಷ ಆ ಸಾಲುಗಳಲ್ಲಿ ಅತ್ತಿಗೆಯ ಹೆಸರು ಯಾಕೆ ಒಂದರ ಕೆಳಗೊಂದು ಬರುತ್ತಿತ್ತು ಎಂದು ಯೋಚಿಸಿರಲಿಲ್ಲ. ಅಣ್ಣ ಇದ್ದಾಗ ನಾವು ನಾಲ್ಕು ಆಳಿನ ಮನೆ. ಮುಯ್ಯಿಗಳೆಲ್ಲ ಆ ಅಳತೆಯವು. ಈಗ ನಾನು ಕಾಲೇಜಿಗೆ ಹೋಗುತ್ತಿದ್ದೆ, ಅವ್ವನಿಗೆ ಮಂಡಿ ನೋವು. ಅಣ್ಣನ, ಅವ್ವನ, ನನ್ನ ಪಾಲಿನ ದಿನಗಳನ್ನೆಲ್ಲ ಅತ್ತಿಗೆ ಒಬ್ಬರೇ ತೀರಿಸುತ್ತಿದ್ದರು. ಓದುವುದಕ್ಕೆ ಹೊತ್ತು ಸಿಗದೆ ಇದ್ದದ್ದು ಹೀಗೆ.

"ಲೆಕ್ಕದಲ್ಲಿ ಮುಯ್ಯಿ ಇಲ್ಲ ಅತ್ಗೆ," ಅಂದೆ. "ಎರಡೂ ಮನೇಲಿ ನಿಜವಾಗ್ಲೂ ಇರೋದು ಎಷ್ಟು, ಅದು ಮಾತ್ರ. ಜಾಸ್ತಿ ಇರೋರ್ದು ಅವ್ರ ಹತ್ರನೇ ಉಳೀತದೆ, ಆವರಣದ ಒಳಗೆ. ಕಮ್ಮಿ ಇರೋರ್ನ ಯಾರೂ ಬಯ್ಯಲ್ಲ."

"ಯಾರೂ ಬಯ್ಯಲ್ವಾ?"

"ಇಲ್ಲ."

ಅವರು ಪೆನ್ಸಿಲ್ ತೆಗೆದುಕೊಂಡು 12x³y² ಮತ್ತು 18x²y⁵ ಅನ್ನು ನಡುವೆ ಕೂಡುವ ಗುರುತು ಹಾಕಿ ಮತ್ತೆ ಬರೆದರು. ಕೆಳಗೆ 6x²y² ಎಂದು ಬರೆದು, ಮುಂದೆ ಆವರಣ ಹಾಕಿ, 2x + 3y³ ತುಂಬಿದರು. ಬರೆದದ್ದನ್ನೇ ನೋಡುತ್ತಾ ಕುಳಿತರು. ಸರಿ ಬಂದಿದೆ ಎಂದು ನಾನು ಹೇಳಿದೆ. ಆದರೂ ಕೈ ಬೇಗ ಮಾತು ಕೇಳಲಿಲ್ಲ. ಜುಲೈ ಪೂರ್ತಿ, ಅವಸರದಲ್ಲಿ ಮಾಡಿದ ಲೆಕ್ಕಗಳಲ್ಲಿ ದೊಡ್ಡ ಘಾತಾಂಕವೇ ನುಸುಳುತ್ತಿತ್ತು.

ಮೂರನೆಯ ಪರೀಕ್ಷೆ ಆಗಸ್ಟ್ ಮೊದಲ ವಾರ. ಆ ವರ್ಷಕ್ಕೆ ಅದೇ ಕೊನೆಯದು. ಅತ್ತಿಗೆಯ ಅಣ್ಣ ಫೋನ್ ಮಾಡಿ, "ಆಸಾಡ ಮುಗೀತಲ್ಲವ್ವ?" ಅಂದಿದ್ದರು. "ಇನ್ನೊಂದ್ ದಪ ಬರೀತೀನಿ, ಆಮೇಕೆ ನೀನೇಳ್ದಂಗೆ," ಎಂದು ಅತ್ತಿಗೆ ಉತ್ತರ ಕೊಟ್ಟಿದ್ದರು. ಪಕ್ಕದಲ್ಲೇ ರಾಗಿ ಕೇರುತ್ತಿದ್ದ ಅವ್ವ ಮೊರವನ್ನು ಒಂದು ಗಳಿಗೆ ನಿಲ್ಲಿಸಿ, ಮತ್ತೆ ಕೇರತೊಡಗಿದಳು.

ಗಣಿತದ ಪರೀಕ್ಷೆ ಯಾವ ದಿನ ಬಂದಿತ್ತೋ, ಎದುರುಮನೆಯವರು ಆ ದಿನವೇ ಮೊದಲ ಸೊಪ್ಪು ಮುರಿಯುವುದೆಂದು ಗೊತ್ತು ಮಾಡಿದರು. ಹೊಗೆಸೊಪ್ಪಿನ ಎಲೆಗಳನ್ನು ಬಲಿತಂತೆಲ್ಲ ಕಂತುಕಂತಾಗಿ ಮುರಿಯುತ್ತೇವೆ, ಮುರಿದ ದಿನವೇ ಕಡ್ಡಿಗೆ ಕಟ್ಟಿ ಬ್ಯಾರನ್ ತುಂಬಿಸಬೇಕು. ಬಿಟ್ಟರೆ ರಾಶಿಯಲ್ಲೇ ಬೆಂದುಹೋಗುತ್ತದೆ. ಹಾಗಾಗಿ ಆ ಒಂದು ದಿನಕ್ಕೆ ಕೈಗಳು ಹೆಚ್ಚು ಬೇಕು. ಮರುದಿನ ಹೋಗಿ ತೀರಿಸುತ್ತೇನೆ ಅನ್ನುವಂತಿಲ್ಲ. ಎದುರುಮನೆಯ ದೊಡ್ಡವ್ವ, ಅಪ್ಪನ ದೊಡ್ಡಪ್ಪನ ಸೊಸೆ, ನಮ್ಮ ಬೀದಿಗೆಲ್ಲ ಹಿರಿಯಳು. ಅವರ ಮನೆಯ ಮುಯ್ಯಿ ನಾಲ್ಕು. ಎರಡು ದಿನ ಮೊದಲು ಬೆಳಿಗ್ಗೆ ದೊಡ್ಡವ್ವ ನಮ್ಮ ಜಗಲಿಗೆ ಬಂದು ಎಲೆ ಅಡಿಕೆ ಹಾಕಿಕೊಂಡು ಕೂತಳು.

"ಎಷ್ಟಾಳು ಬತ್ತೀರವ್ವ ನಾಳಿದ್ದಿಗೆ?"

ಅವ್ವ ತಟ್ಟನೆ, "ಇದ್ದದ್ದೇ ಅಲ್ವಾ ಅಕ್ಕಾ, ನಾಕು," ಅಂದಳು. ಎಲ್ಲಿಂದ ನಾಲ್ಕು? ಅವ್ವ, ನಾನು, ಮತ್ತಿಬ್ಬರು ಕೂಲಿಯವರು ಎಂದು ಅವಳ ಲೆಕ್ಕವಿದ್ದಿರಬೇಕು. ಅಥವಾ ಲೆಕ್ಕವೇ ಇರಲಿಲ್ಲವೇನೋ, ಬಾಯಿಗೆ ಬಂದದ್ದು ಹಳೆಯ ಸಂಖ್ಯೆ.

ಅತ್ತಿಗೆ ಬಾಗಿಲಲ್ಲಿ ನಿಂತಿದ್ದರು. ಮಗುವಿಗೆ ತಲೆ ಬಾಚುತ್ತಿದ್ದ ಬಾಚಣಿಗೆ ಕೈಯಲ್ಲೇ ಇತ್ತು.

"ಒಂದಾಳು ಬತ್ತದೆ ದೊಡ್ಡವ್ವ," ಅಂದರು.

ಅವ್ವ ತಿರುಗಿ ನೋಡಿದಳು.

"ಒಂದಾ?" ದೊಡ್ಡವ್ವನ ಬಾಯಲ್ಲಿ ಎಲೆ ಹಾಗೇ ನಿಂತಿತು.

"ಒಂದೇ. ನಂಗೆ ಪರೀಕ್ಸೆ ಅದೆ. ನೀವೂ ನಮ್ಗೆ ಒಂದೇ ಕಳ್ಸಿ. ಇನ್ಮೇಕೆ ಎರ್ಡ್ ಮನೇಲೂ ಇರೋ ಅಷ್ಟೇ ಮುಯ್ಯಿ ಇಡ್ಕೊಳಾನ. ಅಳೇದು ಬುಟ್ಬುಡಾನ."

 ಅವ್ವನ ಮುಖ ಕೆಂಪಾಗಿತ್ತು. ದೊಡ್ಡವ್ವ ಎದ್ದು ಹೋಗಿ ಚರಂಡಿಗೆ ಎಲೆ ಉಗಿದು, ಬಾಯಿ ಒರೆಸಿಕೊಂಡು ಬಂದಳು.

"ನಿನ್ ಗಂಡ ಇದ್ದಿದ್ರೆ ಇಂಗ್ ಅಂತಿದ್ನಾ?"

ನಾನು ಅತ್ತಿಗೆಯ ಮುಖ ನೋಡಲಾರದೆ ಅವರ ಕೈ ನೋಡಿದೆ. ಬಾಚಣಿಗೆಗೆ ಸಿಕ್ಕಿದ್ದ ಕೂದಲನ್ನು ಬಿಡಿಸುತ್ತಿದ್ದರು.

"ಅವ್ರಿದ್ದಿದ್ರೆ ನಾಕಾಳೇ ಬತ್ತಿದ್ವು ದೊಡ್ಡವ್ವ."

ದೊಡ್ಡವ್ವ ಮತ್ತೆ ಕೂತಳು. ತನ್ನ ಎಲೆ ಚೀಲದ ದಾರವನ್ನು ಬಿಚ್ಚಿ, ಕಟ್ಟಿ, ಬಿಚ್ಚಿದಳು. ಆಮೇಲೆ ಅವ್ವನ ಕಡೆ ತಿರುಗಿ, ಸಣ್ಣ ದನಿಯಲ್ಲಿ ಹೇಳಿದಳು:

"ಓದೊರ್ಸ ನಿಮ್ ಒಲಕ್ಕೆ ನಾಕಾಳು ಬಂದಿದ್ವಲ್ಲ ನಮ್ಮನೆಯಿಂದ. ಕೆ.ಆರ್. ನಗರದ ನಂಟ್ರು ಅಂತ ಇಬ್ರು ಎಂಗುಸ್ರು ಇದ್ರಲ್ಲ."

"ಊಂ. ಸಂದಾಗಿ ಕಟ್ತಿದ್ರು. ನಿನ್ ತಂಗಿ ಕಡೆಯೋರು ಅಂದ್ಯಲ್ಲ."

"ಎಲ್ ತಂಗಿ, ಎಲ್ ನಂಟ್ರು! ಪಿರಿಯಾಪಟ್ಣದಿಂದ ಆಟೋದಲ್ಲಿ ಕೂಲಿಗ್ ಬರೋರು ಕಣವ್ವ ಅವ್ರು. ನನ್ ಮಕ್ಳಿಬ್ರೂ ಮೈಸೂರು ಫ್ಯಾಕ್ಟ್ರಿ ಸೇರ್ಕಂಡ್ರು. ನಾಕು ಅಂತ ಮಾತಾಗದಲ್ಲ, ಎಂಗೆ ಕಮ್ಮಿ ಮಾಡ್ಲಿ? ಎರ್ಡೊರ್ಸದಿಂದ ಅವ್ರ್ನೇ ಕರ್ಕೊಂಡ್ ಬಂದು ನಂಟ್ರು ಅಂತ ನಿಲ್ಲುಸ್ತಿದ್ದೆ."

ಅವ್ವ ಬಾಯಿ ತೆರೆದು ಹಾಗೇ ಕುಳಿತಳು. "ಅಯ್ಯೋ ಇವ್ಳ! ಅವ್ರಿಗೆ ನಾನು ನಂಟ್ರು ಅಂತ ಕೋಳಿ ಕುಯ್ದು ಉಣ್ಣಾಕಿಕ್ಕುದ್ನಲ್ಲೇ!"

"ಅದ್ಕೇ ಈ ಒರ್ಸಾನೂ ನಿಮ್ಮನೆಗೇ ಬತ್ತೀವಿ ಅಂತ ಕುಂತವ್ರೆ," ಅಂದಳು ದೊಡ್ಡವ್ವ.

ಇಬ್ಬರೂ ನಕ್ಕರು. ಅತ್ತಿಗೆ ನಗಲಿಲ್ಲ. ಮಗುವನ್ನು ಹತ್ತಿರ ಎಳೆದುಕೊಂಡು ಬಾಚುವುದನ್ನು ಮುಂದುವರಿಸಿದರು. ಎದ್ದು ಹೊರಡುವಾಗ ದೊಡ್ಡವ್ವ ಅವರ ತಲೆಯ ಮೇಲೆ ಕೈಯಿಟ್ಟು, "ಒಂದೇ ಕಳ್ಸು ಬುಡು," ಎಂದಷ್ಟೇ ಹೇಳಿದಳು.

ಒಂದಾಳು ಅನ್ನಲು ಅತ್ತಿಗೆಗೆ ಧೈರ್ಯ ಬಂದದ್ದು ಲೆಕ್ಕದಿಂದಲೋ, ಅಥವಾ ಆ ಮಾತು ಆಡಿದ ಮೇಲೆ ಲೆಕ್ಕ ಸರಿಹೋಯಿತೋ, ನನಗೆ ಇಂದಿಗೂ ಗೊತ್ತಿಲ್ಲ. ಆ ಮಧ್ಯಾಹ್ನ ಹತ್ತು ಲೆಕ್ಕ ಕೊಟ್ಟೆ. ಹತ್ತೂ ಸರಿಯಾಗಿದ್ದವು. ಮರುದಿನ ಇನ್ನೂ ಹತ್ತು, ಅವಸರಪಡಿಸಿ, ಮಗುವನ್ನು ಅವರ ತೊಡೆಯ ಮೇಲೆ ಕೂರಿಸಿ ಕೊಟ್ಟೆ. ಒಂಬತ್ತು ಸರಿ. ತಪ್ಪಾದದ್ದು ಮಗು ಪೆನ್ಸಿಲ್ ಎಳೆದದ್ದರಿಂದ.

ಅವ್ವ ಆ ಎರಡೂ ದಿನ ಅತ್ತಿಗೆಯ ಜೊತೆ ಮಾತಾಡಲಿಲ್ಲ. ಗುಟ್ಟು ಹೊರಬಿದ್ದಾಗ ನಕ್ಕಿದ್ದಳು, ಅದು ಬೇರೆ. ಮನೆಯ ಸಂಖ್ಯೆಯನ್ನು ಜಗಲಿಯಲ್ಲಿ ಕೂತು ಇಳಿಸಿದ್ದು ಅವಳಿಗೆ ಸಣ್ಣ ವಿಷಯವಾಗಿರಲಿಲ್ಲ. ನಾಲ್ಕು ಎಂದು ಹೇಳುವಷ್ಟು ದಿನ ಅವಳ ಲೆಕ್ಕದಲ್ಲಿ ಮಗನೂ ಇದ್ದ. ಇದನ್ನು ನಾನು ಆಗ ಯೋಚಿಸಲಿಲ್ಲ. ಎಷ್ಟೋ ದಿನದ ಮೇಲೆ, ಹಳೆಯ ಪುಟ ತಿರುವುವಾಗ ಹೊಳೆಯಿತು.

ಪರೀಕ್ಷೆಯ ದಿನ ಎದುರುಮನೆಗೆ ಹೋಗುವ ಆ ಒಂದು ಆಳು ನಾನು ಎಂದುಕೊಂಡಿದ್ದೆ. ಹಳೆಯ ಲಂಗ ಉಟ್ಟು, ತಲೆಗೆ ಟವೆಲ್ ಸುತ್ತಿಕೊಂಡು ಸಿದ್ಧವಾಗಿದ್ದೆ. ಅವ್ವ ಬಂದು ಟವೆಲ್ ಕಿತ್ತುಕೊಂಡಳು.

"ನೀನೆಲ್ಲಿಗೆ? ಅವ್ಳ ಜೊತೇಲೋಗು. ಒಬ್ಬಳ್ನೇ ಕಳುಸ್ತೀಯಾ ಉಣ್ಸೂರಿಗೆ?"

"ನಿಂಗೆ ಮಂಡಿ ನೋವಲ್ವಾ ಅವ್ವಾ?"

"ಸೊಪ್ಪು ಕಟ್ಟೋದು ಕೈಯಲ್ಲಿ ಕಣೇ, ಮಂಡೀಲಲ್ಲ." ಟವೆಲನ್ನು ತನ್ನ ತಲೆಗೆ ಸುತ್ತಿಕೊಂಡು, ಮಗುವನ್ನು ಕಂಕುಳಿಗೆ ಎತ್ತಿಕೊಂಡು, ಬೀದಿ ದಾಟಿ ಹೋದಳು. ಅರ್ಧ ದಾರಿಯಲ್ಲಿ ನಿಂತು, ತಿರುಗದೆಯೇ, "ಸರ್ಯಾಗ್ ನೋಡ್ಕಂಡ್ ಬರಿ," ಅಂದಳು. ಅದು ಅತ್ತಿಗೆಗೆ ಹೇಳಿದ್ದು.

ಹುಣಸೂರಿನ ಪರೀಕ್ಷಾ ಕೇಂದ್ರದ ಕಾಂಪೌಂಡಿನ ಹೊರಗೆ ಹೊಂಗೆಮರದ ಕೆಳಗೆ ಕಾದೆ. ಒಳಗೆ ಹೋದವರಲ್ಲಿ ಹೆಚ್ಚಿನವರು ನನಗಿಂತ ಚಿಕ್ಕವರು. ಅವರ ನಡುವೆ ಅತ್ತಿಗೆ ಸೆರಗು ಸಿಕ್ಕಿಸಿಕೊಂಡು, ಪ್ರವೇಶಪತ್ರವನ್ನು ಎರಡೂ ಕೈಯಲ್ಲಿ ಹಿಡಿದು ಹೋದರು. ಬಾಗಿಲಲ್ಲಿದ್ದವರು ಅವರನ್ನು ಯಾರದೋ ತಾಯಿ ಎಂದುಕೊಂಡು ತಡೆದದ್ದು, ಅವರು ಪತ್ರ ತೋರಿಸಿದ್ದು, ಎಲ್ಲ ಹೊರಗಿನಿಂದಲೇ ಕಾಣುತ್ತಿತ್ತು. ಸಣ್ಣ ಮಳೆ ಬಂದು ಹೋಯಿತು.

ಹೊರಗೆ ಬಂದಾಗ ಅವರು ಮೊದಲು ನೀರು ಕೇಳಿದರು. ಬಸ್ ಸ್ಟ್ಯಾಂಡಿಗೆ ನಡೆಯುತ್ತಾ ನಾನೇ ಕೇಳಿದೆ.

"ಅಪವರ್ತಿಸೋದು ಬಂದಿತ್ತಾ?"

"ಬಂದಿತ್ತು. ಚಿಕ್ಕದ್ನೇ ತಗುದೆ." ಸ್ವಲ್ಪ ದೂರ ಹೋದ ಮೇಲೆ ಮತ್ತೆ ಹೇಳಿದರು: "ಒಂದಂಕದ್ದು ಒಂದಿತ್ತು ಕಣಮ್ಮಿ. ಎರಡು ಸಹ-ಅವಿಭಾಜ್ಯ ಸಂಖ್ಯೆಗಳ ಮ.ಸಾ.ಅ. ಎಷ್ಟು ಅಂತ. ಅದೇ, ಇದ್ರಲ್ಲಿರೋದು ಅದ್ರಲ್ಲಿಲ್ಲ ಅಂತಿದ್ನಲ್ಲ, ಅಂಥವು. ಮೊದ್ಲು ಸೊನ್ನೆ ಬರ್ಯಾಕೋದೆ. ಆಮೇಲೆ ಅತ್ತೆ ಗ್ಯಾಪನಕ್ಕೆ ಬಂದ್ರು, ಟವೆಲ್ ಸುತ್ಕೊಂಡು ಓದ್ರಲ್ಲ, ಅದು. ಒಂದು ಅಂತ ಬರ್ದೆ."

ನಾವು ಊರು ಸೇರಿದಾಗ ಎದುರುಮನೆಯ ಬ್ಯಾರನ್ ಮುಂದೆ ಅವ್ವ ಇನ್ನೂ ಕೂತಿದ್ದಳು. ಕೈಗಳು ಸೊಪ್ಪಿನ ಅಂಟಿನಿಂದ ಕಪ್ಪಾಗಿದ್ದವು. ಅತ್ತಿಗೆ ಸೀರೆ ಬದಲಾಯಿಸದೆ ಅವಳ ಪಕ್ಕದಲ್ಲಿ ಕೂತು ಕಡ್ಡಿ ಎತ್ತಿಕೊಂಡರು. "ಒಂದೇ ಆಳು ಅಂದಿದ್ಯಲ್ಲೇ!" ಎಂದು ದೊಡ್ಡವ್ವ ಕೂಗಿದಳು. "ನಾನ್ ಮುಯ್ಯಿಗ್ ಬಂದಿಲ್ಲ, ಅತ್ತೆ ಜೊತೆ ಮಾತಾಡಕ್ ಬಂದೆ," ಅಂದರು ಅತ್ತಿಗೆ. ಅವ್ವ ದಾರದ ಉಂಡೆಯನ್ನು ಅವರ ಕಡೆ ಉರುಳಿಸಿದಳು.

ಇದರಿಂದ ಎಲ್ಲ ಸರಿಹೋಯಿತು ಎಂದು ಬರೆದರೆ ಸುಳ್ಳಾಗುತ್ತದೆ. ಹದಿನೈದು ದಿನ ಕಳೆದು ನಮ್ಮ ಸೊಪ್ಪು ಮುರಿದಾಗ ದೊಡ್ಡವ್ವನ ಮನೆಯಿಂದ ಒಂದೇ ಆಳು ಬಂತು, ಅವಳೇ. ಇನ್ನೆರಡು ಮನೆಗಳಿಗೂ ಅತ್ತಿಗೆ ಹೋಗಿ ಅದೇ ಮಾತು ಹೇಳಿ ಬಂದಿದ್ದರು. ಒಂದು ಮನೆಯವರು ಒಪ್ಪಿ, ಆ ಸಲಕ್ಕೆ ಒಂದು ಆಳು ಕಳಿಸಿದರು. ಇನ್ನೊಂದು ಮನೆಯವರು ಮುಯ್ಯಿಯನ್ನೇ ಮುರಿದುಕೊಂಡರು, ಇವತ್ತಿಗೂ ನಮ್ಮ ಜಗಲಿ ಹತ್ತುವುದಿಲ್ಲ. ಕೈಗಳು ಸಾಲದೆ ಬ್ಯಾರನ್ ಅರ್ಧಕ್ಕೆ ನಿಂತಿತು. ಅರ್ಧ ತುಂಬಿದ ಬ್ಯಾರನ್‌ಗೂ ಸೌದೆ ಪೂರ್ತಿಯೇ ಬೇಕು. ಹೊಲದಲ್ಲಿ ಮುರಿಯದೆ ಉಳಿದ ಎಲೆಗಳು ಹಳದಿಯಾಗುವುದನ್ನು ಅವ್ವ ನೋಡಿ ಬಂದು, ಅಂದು ಊಟ ಮಾಡದೆ ಮಲಗಿದಳು.

ಎರಡನೆಯ ಸಲ ಸೊಪ್ಪು ಮುರಿದ ದಿನ ಫಲಿತಾಂಶ ಬಂತು. ಬೆಳಿಗ್ಗೆಯೇ ಅತ್ತಿಗೆಯ ಅಣ್ಣ ಗೂಡ್ಸ್ ಆಟೋ ಮಾಡಿಕೊಂಡು ಎಚ್.ಡಿ. ಕೋಟೆಯಿಂದ ಬಂದಿದ್ದರು. ಪೆಟ್ಟಿಗೆ, ಹಾಸಿಗೆ, ಮಗುವಿನ ತೊಟ್ಟಿಲು, ಎಲ್ಲಕ್ಕೂ ಜಾಗ ಇರಲಿ ಎಂದು. ಬ್ಯಾರನ್ ಮುಂದೆ ಹಸಿ ಸೊಪ್ಪಿನ ರಾಶಿ ಬಿದ್ದಿತ್ತು. ಅತ್ತಿಗೆ, ಅವ್ವ, ದೊಡ್ಡವ್ವ ಸಾಲಾಗಿ ಕೂತು ಕಟ್ಟುತ್ತಿದ್ದರು. ನಾನು ಮೊಬೈಲ್ ಹಿಡಿದು ಸಿಗ್ನಲ್ಲಿಗಾಗಿ ತೊಟ್ಟಿಯ ಕಟ್ಟೆ ಹತ್ತಿದ್ದೆ. ಪುಟ ತೆರೆಯುವುದೇ ತಡವಾಯಿತು. ತೆರೆದಾಗ ಮೊದಲು ಸಂಖ್ಯೆ ನೋಡಲಿಲ್ಲ, ಕೆಳಗಿನ ಪದ ನೋಡಿದೆ.

"ಪಾಸು," ಅಂದೆ.

ಅತ್ತಿಗೆಯ ಕೈ ನಿಂತಿತು. ಅವ್ವ ಹೆಗಲಿನಿಂದ ಮುಖ ಒರೆಸಿಕೊಂಡಳು, ಕೈಯಲ್ಲಿ ಅಂಟಿತ್ತು. ಪಾಸಿಗೆ ಬೇಕಾದ್ದಕ್ಕಿಂತ ಒಂದು ಅಂಕ ಹೆಚ್ಚು, ಅಷ್ಟೇ. ಹೇಳಿದೆ.

"ಆ ಒಂದು ಯಾವ್ದು ಅಂತ ನಂಗೊತ್ತು," ಅಂದರು ಅತ್ತಿಗೆ.

ಅವರ ಅಣ್ಣ ಆಟೋಗೆ ಒರಗಿ ನಿಂತಿದ್ದರು.  "ಕೆಲ್ಸ ಕೊಟ್ಟೇ ಕೊಡ್ತಾರೆ ಅಂತ ಏನವ್ವ ಗ್ಯಾರಂಟಿ?" ಎಂದರು.

"ಇಲ್ಲ ಕಣಣ್ಣ, ಗ್ಯಾರಂಟಿ ಇಲ್ಲ. ಅರ್ಜಿ ಆಕ್ತೀನಿ."

"ಆಕಿ, ಆಮೇಕೆ?"

"ಇಲ್ಲೇ ಇರ್ತೀನಿ."

ಅವರು ಖಾಲಿ ಆಟೋ ನೋಡಿದರು, ರಾಶಿ ನೋಡಿದರು. ಬಿಸಿಲು ಏರುತ್ತಿತ್ತು. ಸೊಪ್ಪು ಬಾಡಲು ಹತ್ತಿತ್ತು.

"ನಿಂತ್ಕೊಂಡು ಏನ್ ನೋಡ್ತೀಯಣ್ಣ, ಕುಂತ್ಕೊ ಬಾ. ಆಳು ಕಮ್ಮಿ ಅವೆ," ಅಂದರು ಅತ್ತಿಗೆ.

ಅವರು ಅಂಗಿ ಬಿಚ್ಚಿ ಆಟೋದ ಹಿಡಿಗೆ ನೇತುಹಾಕಿ, ತಂಗಿಯ ಪಕ್ಕ ಬಂದು ಕೂತರು. ಹೊಗೆಸೊಪ್ಪಿಗೆ ಪಳಗಿದ ಕೋಟೆ ಕಡೆಯ ಕೈ, ಬೇಗ ಬೇಗ ಕಟ್ಟುತ್ತಿತ್ತು. ದೊಡ್ಡವ್ವ, "ಇವ್ರು ನಿಜವಾದ್ ನಂಟ್ರು ತಾನೇ?" ಎಂದು ಅವ್ವನನ್ನು ಕೇಳಿದಳು. ಬ್ಯಾರನ್ ಆ ದಿನವೂ ತುಂಬಲಿಲ್ಲ. ಹೋದ ಸಲಕ್ಕಿಂತ ಒಂದು ಸಾಲು ಮೇಲಕ್ಕೆ ಹೋಯಿತು.

ಸಂಜೆ ಅವರು ಹೊರಟಾಗ ಅತ್ತಿಗೆ ಆಟೋದ ತನಕ ಹೋದರು.

"ನಿಮ್ಮನೇದು ಒಂದು ಮುಯ್ಯಿ ಆಯ್ತು ಕಣಣ್ಣ. ದೀಪಾವಳಿ ಒತ್ಗೆ ನಿಮ್ ಒಲಕ್ಕೆ ಅತ್ತಿ ಬುಡ್ಸಕೆ ಬತ್ತೀನಿ. ಒಂದಿನ ಬುಡ್ಸಿ ವಾಪಸ್ ಬತ್ತೀನಿ."

"ಒಂದೇ ದಿನಾನಾ?"

"ನೀನು ಒಂದೇ ದಿನ ತಾನೆ ಬಂದಿದ್ದು."

ಆಟೋ ಕಟ್ಟೆಮಳಲವಾಡಿ ರಸ್ತೆಗೆ ತಿರುಗುವವರೆಗೂ ಅತ್ತಿಗೆ ನಿಂತಿದ್ದರು. ಆ ದಿನದ ಪುಟದಲ್ಲಿ ನಾನು ಬರೆದದ್ದು ಇಷ್ಟು: ಮಳೆ ಇಲ್ಲ. ಸೊಪ್ಪು ಎರಡನೆಯ ಮುರಿತ. ಎದುರುಮನೆಯಿಂದ ಒಂದು ಆಳು. ಎಚ್.ಡಿ. ಕೋಟೆಯಿಂದ ಒಂದು. ನಮ್ಮ ಮನೆಯವರು ಮೂವರು.